ಎಫ್‌ಎಂ ಹಾಡಬಹುದು, ನಮ್ಮೂರ ಸುದ್ದಿ ಹೇಳಬಾರದೇಕೆ?

ದೇಶದ ಮೊದಲ ಖಾಸಗಿ ಎಫ್‌ಎಂ ಕೇಂದ್ರ ಶುರುವಾದದ್ದು ದೆಹಲಿಯಲ್ಲೂ ಅಲ್ಲ, ಮುಂಬೈಯಲ್ಲೂ ಅಲ್ಲ, ನಮ್ಮ ಬೆಂಗಳೂರಿನಲ್ಲಿ. 2001ರ ಜುಲೈ 3ರಂದು ರೇಡಿಯೊ ಸಿಟಿ ಪ್ರಸಾರ ಆರಂಭಿಸಿದಾಗ ಈ ಪುಟ ಓದುವ ನಮ್ಮಲ್ಲಿ ಬಹಳ ಜನ ಹುಟ್ಟಿಯೇ ಇರಲಿಲ್ಲ. ಹಾಗೆ ನೋಡಿದರೆ ಖಾಸಗಿ ರೇಡಿಯೊ ಕನ್ನಡ ನಾಡಿಗೆ ಹೊಸದೂ ಅಲ್ಲ. 1935ರಲ್ಲೇ ಮೈಸೂರಿನ ಪ್ರಾಧ್ಯಾಪಕ ಎಂ.ವಿ. ಗೋಪಾಲಸ್ವಾಮಿ ಸ್ವಂತ ಆಸಕ್ತಿಯಿಂದ ರೇಡಿಯೊ ಕೇಂದ್ರ ನಡೆಸಿದ್ದರು. ‘ಆಕಾಶವಾಣಿ’ ಎಂಬ ಹೆಸರು ಬಂದದ್ದೂ ಅಲ್ಲಿಂದಲೇ.

ಆದರೆ ಬೆಂಗಳೂರಿನಲ್ಲಿ ಹುಟ್ಟಿದ ಮಾತ್ರಕ್ಕೆ ರೇಡಿಯೊ ಸಿಟಿ ಕನ್ನಡ ಮಾತನಾಡಲಿಲ್ಲ. ಮೊದಲ ವರ್ಷಗಳಲ್ಲಿ ಅಲ್ಲಿ ಹಿಂದಿ, ಇಂಗ್ಲಿಷ್ ಹಾಡುಗಳದ್ದೇ ಮೇಲುಗೈ. ಕನ್ನಡಕ್ಕೆ ಸಿಕ್ಕಿದ್ದು ಅಷ್ಟಿಷ್ಟು ಜಾಗ. ಬೇಕಾದರೆ ಬೇರೆ ಕೇಂದ್ರ ತಿರುಗಿಸೋಣ ಎಂದರೆ ಆಕಾಶವಾಣಿ ಬಿಟ್ಟು ಇನ್ನೊಂದು ಇರಲಿಲ್ಲ. ಹರಾಜಿನಲ್ಲಿ ಕಂಪನಿಗಳು ಪೈಪೋಟಿಗೆ ಬಿದ್ದು ದೊಡ್ಡ ಮೊತ್ತ ಕೂಗಿದ್ದವು. ಮೇಲಿಂದ ಪ್ರತಿ ವರ್ಷವೂ ಏರುವ ಪರವಾನಗಿ ಶುಲ್ಕ. ಲೆಕ್ಕ ಹಾಕಿ ಅನೇಕರು ಹಿಂದೆ ಸರಿದರು. ಹೀಗಾಗಿ ಬೆಂಗಳೂರಿನಲ್ಲಿ ರೇಡಿಯೊ ಸಿಟಿಗೆ ಸುಮಾರು ಐದು ವರ್ಷ ಖಾಸಗಿ ಎದುರಾಳಿಯೇ ಇರಲಿಲ್ಲ.

2005ರಲ್ಲಿ ಸರ್ಕಾರ ನಿಯಮ ಬದಲಿಸಿತು. ಒಮ್ಮೆ ಪ್ರವೇಶ ಶುಲ್ಕ, ಆಮೇಲೆ ಆದಾಯದ ಶೇ 4ರಷ್ಟು ಪಾಲು. ಮರುವರ್ಷವೇ ರೇಡಿಯೊ ಮಿರ್ಚಿ, ಬಿಗ್ ಎಫ್‌ಎಂ ಮುಂತಾದವು ಬಂದವು. ‘ಸಖತ್ ಹಾಟ್ ಮಗಾ’ ಎಂದು ನಮ್ಮ ಬೀದಿಯ ಕನ್ನಡದಲ್ಲೇ ಮಾತನಾಡುವ ಆರ್‌ಜೆಗಳು ಬಂದರು. ಅದೇ ವರ್ಷದ ಕೊನೆಗೆ ‘ಮುಂಗಾರು ಮಳೆ’ ತೆರೆಕಂಡಿತು. ಅದರ ಹಾಡುಗಳು ಆಟೊ, ಅಂಗಡಿ, ಹಾಸ್ಟೆಲ್ ಎಲ್ಲೆಡೆ ಕೇಳತೊಡಗಿದವು. ಎಫ್‌ಎಂನಲ್ಲಿ ಕನ್ನಡ ಹಾಡು ಹಾಕಿ ಎಂದು ಕೇಳುಗರು ಒತ್ತಾಯಿಸುತ್ತಲೇ ಇದ್ದರು. ಪೈಪೋಟಿ ಬಂದ ಮೇಲಷ್ಟೇ ಆ ಮಾತಿಗೆ ಬೆಲೆ ಬಂತು. ಕನ್ನಡ ಎಫ್‌ಎಂಗೆ ಬಂದದ್ದು ಯಾರದೋ ಭಾಷಾಪ್ರೇಮದಿಂದಲ್ಲ, ಕೇಳುಗ ಕೈತಪ್ಪುತ್ತಾನೆ ಎಂಬ ಭಯದಿಂದ ಎಂಬುದು ನನ್ನ ಅಭಿಪ್ರಾಯ.

ಅಂದು ಹಾಡಿಗಾಗಿ ಕೇಳಿದ ಹಾಗೆ ಇಂದು ಸುದ್ದಿಗಾಗಿ ಕೇಳಬೇಕು. ಖಾಸಗಿ ಎಫ್‌ಎಂ ಇಂದಿಗೂ ಸ್ವಂತ ಸುದ್ದಿ ಪ್ರಸಾರ ಮಾಡುವಂತಿಲ್ಲ. ಗಾಳಿಯಲ್ಲಿನ ತರಂಗಗಳು ಸಾರ್ವಜನಿಕ ಸ್ವತ್ತು ಎಂದು ಸುಪ್ರೀಂ ಕೋರ್ಟ್ 1995ರಲ್ಲೇ ಹೇಳಿದೆ. ಟಿ.ವಿ.ಯಲ್ಲಿ 24 ಗಂಟೆಯೂ ಸುದ್ದಿ, ಚರ್ಚೆ, ಕೂಗಾಟ ಎಲ್ಲಕ್ಕೂ ಅನುಮತಿ ಇದೆ. ರೇಡಿಯೊಗೆ ಮಾತ್ರ 2011ರ ನೀತಿ ಕೊಟ್ಟದ್ದು ಆಕಾಶವಾಣಿಯ ವಾರ್ತೆಯನ್ನು ಒಂದಕ್ಷರವೂ ಬದಲಿಸದೆ ಮರುಪ್ರಸಾರ ಮಾಡುವ ಅವಕಾಶ. ಟ್ರಾಫಿಕ್, ಹವಾಮಾನ, ನೀರು–ಕರೆಂಟು, ಪರೀಕ್ಷೆ, ಫಲಿತಾಂಶ, ಉದ್ಯೋಗಾವಕಾಶ ಇವು ‘ಸುದ್ದಿಯಲ್ಲ’ ಎಂದು ಪಟ್ಟಿ ಮಾಡಿ ಅಷ್ಟಕ್ಕೆ ಒಪ್ಪಿಗೆ ಕೊಟ್ಟಿದೆ.

ಅಂದರೆ ಸಿಲ್ಕ್ ಬೋರ್ಡ್ ಬಳಿ ವಾಹನ ನಿಂತಿವೆ ಎಂದು ಆರ್‌ಜೆ ಹೇಳಬಹುದು. ಕಾಮಗಾರಿ ಯಾರಿಂದ ತಡವಾಯಿತು ಎಂದು ವಿಚಾರಿಸಿ ವರದಿ ಮಾಡುವಂತಿಲ್ಲ. ಉದ್ಯೋಗ ಹುಡುಕುವ ನಮಗೆ ಇದು ಇನ್ನೂ ಹತ್ತಿರದ ವಿಷಯ. 545 ಪಿಎಸ್‌ಐ ಹುದ್ದೆಗಳ ಪರೀಕ್ಷೆ 2021ರ ಅಕ್ಟೋಬರ್‌ನಲ್ಲಿ ನಡೆಯಿತು, ಅಕ್ರಮ ಬಯಲಾಗಿ 2022ರಲ್ಲಿ ನೇಮಕಾತಿ ರದ್ದಾಯಿತು, ಮರುಪರೀಕ್ಷೆ ಆಗುವಷ್ಟರಲ್ಲಿ 2024ರ ಜನವರಿ ಬಂತು. ಕಲಬುರಗಿಯ ಒಂದು ಪರೀಕ್ಷಾ ಕೇಂದ್ರದ ಹೆಸರು ರಾಜ್ಯಕ್ಕೆಲ್ಲ ಗೊತ್ತಾಯಿತು. ಕಲಬುರಗಿಯಲ್ಲಿ ಖಾಸಗಿ ಎಫ್‌ಎಂ ಇದೆ. ಪರೀಕ್ಷೆಯ ದಿನಾಂಕ ಹೇಳಲು ಅದಕ್ಕೆ ಹಕ್ಕಿತ್ತು. ಪರೀಕ್ಷೆಯೊಳಗೆ ಏನಾಯಿತು ಎಂದು ತನ್ನ ವರದಿಗಾರರನ್ನು ಕಳಿಸಿ, ಅಭ್ಯರ್ಥಿಗಳನ್ನು ಮಾತನಾಡಿಸಿ ಹೇಳಲು ಹಕ್ಕಿರಲಿಲ್ಲ.

ಸುಳ್ಳು ಸುದ್ದಿ ಹರಡಿದರೆ, ಗಲಭೆಯಾದರೆ ಏನು ಮಾಡುವುದು ಎಂಬ ಆತಂಕ ಸುಳ್ಳಲ್ಲ. ಆದರೆ ಎಫ್‌ಎಂ ಕೇಂದ್ರಕ್ಕೆ ವಿಳಾಸವಿದೆ, ಪರವಾನಗಿಯಿದೆ, ಪ್ರಸಾರವಾದದ್ದರ ಧ್ವನಿಮುದ್ರಣ ಉಳಿಸಿಡುವ ಷರತ್ತಿದೆ. ತಪ್ಪು ಮಾಡಿದರೆ ಹಿಡಿಯಬಹುದು. ವಾಟ್ಸ್‌ಆ್ಯಪ್‌ನಲ್ಲಿ ಫಾರ್ವರ್ಡ್ ಆಗಿ ಬರುವ ಧ್ವನಿಗೆ ಇದ್ಯಾವುದೂ ಇಲ್ಲ. ದೂರಸಂಪರ್ಕ ನಿಯಂತ್ರಣ ಪ್ರಾಧಿಕಾರವಾದ ಟ್ರಾಯ್‌ಗೂ ಈ ನಿಷೇಧ ಸರಿಕಂಡಿಲ್ಲ. ಗಂಟೆಗೆ 10 ನಿಮಿಷ ಸುದ್ದಿಗೆ ಅವಕಾಶ ಕೊಡಿ ಎಂದು 2023ರ ಸೆಪ್ಟೆಂಬರ್‌ನಲ್ಲಿ ಶಿಫಾರಸು ಮಾಡಿದೆ.

ಇದರಲ್ಲಿ ನಮ್ಮ ಹೊಟ್ಟೆಪಾಡಿನ ಪ್ರಶ್ನೆಯೂ ಇದೆ. 234 ಹೊಸ ನಗರಗಳಲ್ಲಿ 730 ಎಫ್‌ಎಂ ವಾಹಿನಿಗಳ ಹರಾಜಿಗೆ ಕೇಂದ್ರ ಸಂಪುಟ 2024ರ ಆಗಸ್ಟ್‌ನಲ್ಲಿ ಒಪ್ಪಿತು. ದಾವಣಗೆರೆ, ಶಿವಮೊಗ್ಗದಂತಹ ಊರುಗಳು ಆ ಪಟ್ಟಿಯಲ್ಲಿವೆ. ಬರಿ ಹಾಡು ಹಾಕಲು ಒಂದು ಕಂಪ್ಯೂಟರ್, ಒಬ್ಬಿಬ್ಬರು ಆರ್‌ಜೆ ಸಾಕು. ಎಷ್ಟೋ ಕಾರ್ಯಕ್ರಮವನ್ನು ಬೆಂಗಳೂರಿನಲ್ಲೇ ತಯಾರಿಸಿ ಕಳಿಸಬಹುದು. ಹಾಡು ಮಾತ್ರ ಬೇಕೆನ್ನುವವರಿಗೆ ಮೊಬೈಲಿನಲ್ಲೇ ಬೇಕಾದಷ್ಟಿದೆ, ಅವರು ರೇಡಿಯೊ ಏಕೆ ಹಚ್ಚುತ್ತಾರೆ? ಸುದ್ದಿ ಬೆಂಗಳೂರಿನಿಂದ ತಯಾರಾಗಿ ಬರುವಂಥದ್ದಲ್ಲ. ಎಪಿಎಂಸಿಗೆ, ಪಾಲಿಕೆ ಸಭೆಗೆ, ಜಿಲ್ಲಾ ಆಸ್ಪತ್ರೆಗೆ ಹೋಗಿ ಬರುವ ಸ್ಥಳೀಯ ಹುಡುಗ–ಹುಡುಗಿಯರು ಬೇಕೇ ಬೇಕು. ಜಿಲ್ಲಾ ಕೇಂದ್ರಗಳ ಕಾಲೇಜುಗಳಲ್ಲಿ ಪತ್ರಿಕೋದ್ಯಮ ಓದಿ ಬೆಂಗಳೂರಿನ ಬಸ್ಸು ಹತ್ತುತ್ತಿರುವವರಲ್ಲಿ ಕೆಲವರಿಗಾದರೂ ಊರಲ್ಲೇ ಕೆಲಸ ಸಿಕ್ಕೀತು.

ನನ್ನನ್ನು ಕಾಡುವ ಒಂದು ಅನುಮಾನವಿದೆ. ಸಣ್ಣ ಊರಿನ ಎಫ್‌ಎಂಗೆ ಜಾಹೀರಾತು ಕೊಡುವವರು ಲೇಔಟ್ ಮಾಡುವವರು, ಕೋಚಿಂಗ್ ಸೆಂಟರ್‌ನವರು, ಆಸ್ಪತ್ರೆಯವರು. ಬೆಳಿಗ್ಗೆ ಅವರ ಜಾಹೀರಾತು ಓದಿದ ಬಾಯಿ ಸಂಜೆ ಅವರ ಮೇಲಿನ ದೂರನ್ನು ಓದುತ್ತದೆಯೇ? ಸುದ್ದಿಗೆ ಅನುಮತಿ ಕೊಡುವಾಗಲೇ ಸುದ್ದಿ ಓದುವವರು ಜಾಹೀರಾತಿಗೆ ದನಿ ಕೊಡಬಾರದು, ಕಾಸು ಪಡೆದು ಹೇಳಿದ್ದನ್ನು ಹಾಗೆಂದೇ ಸಾರಬೇಕು ಎಂಬ ಎರಡು ಷರತ್ತನ್ನು ಪರವಾನಗಿಯಲ್ಲೇ ಬರೆಯಬೇಕು.