ಹೊಣೆ ಹೊರಲು ಕಲಿಸುವ ಕಡಲು



ಬಯಲುಸೀಮೆಯ ಜನರಾದ ನಮಗೆ ನೀರೆಂದರೆ ಕೆರೆ, ಬಾವಿ. ಹೆಚ್ಚೆಂದರೆ ಮಳೆಗಾಲದಲ್ಲಿ ಕೆಂಪಾಗಿ ತುಂಬಿ ಹರಿಯುವ ಕೃಷ್ಣೆ, ಮಲಪ್ರಭೆ, ತುಂಗಭದ್ರೆಯರು. ನೀರಿನ ಮೇಲಣ ಪಯಣವೆಂದರೆ ಹರಿಗೋಲು. ಇಂತಹ ಮನೆಯೊಂದರಲ್ಲಿ ಪಿ.ಯು.ಸಿ. ಓದುತ್ತಿರುವ ಮಗನೋ ಮಗಳೋ ರಾತ್ರಿಯ ಊಟದ ಹೊತ್ತಿನಲ್ಲಿ "ನಾನು ನೌಕಾಪಡೆಯಲ್ಲಿ ಅಧಿಕಾರಿಯಾಗಬೇಕೆಂದಿದ್ದೇನೆ" ಎಂದರೆ ಆ ಮನೆಯಲ್ಲಿ ಏನಾಗುತ್ತದೆಂಬುದನ್ನು ಊಹಿಸುವುದು ಕಷ್ಟವಲ್ಲ. ಬಡಿಸುತ್ತಿದ್ದ ತಾಯಿಯ ಕೈ ಅರೆಕ್ಷಣ ನಿಲ್ಲುತ್ತದೆ. ತಂದೆ "ಮೊದಲು ಪರೀಕ್ಷೆ ಮುಗಿಯಲಿ, ಆಮೇಲೆ ನೋಡೋಣ" ಎಂದು ಮಾತು ತೇಲಿಸುತ್ತಾನೆ. ಮೂಲೆಯಲ್ಲಿ ಕುಳಿತ ಅಜ್ಜಿ "ಕಂಡಿಲ್ಲ, ಕೇಳಿಲ್ಲ, ಆ ಸಮುದ್ರಕ್ಕ ಯಾಕ ಹೋಗ್ತೀಯೋ ಮಗಾ?" ಎಂದು ಕಣ್ಣೀರು ತೆಗೆಯುತ್ತಾಳೆ.

ಅಜ್ಜಿಯ ಕಣ್ಣೀರಿನಲ್ಲಿ ತಪ್ಪೇನೂ ಇಲ್ಲ. ಆದರೆ ಅರಿಯದ ವಸ್ತುವಿನ ಭಯ ಅರಿತ ಮೇಲೆ ಅರ್ಧವಾಗುತ್ತದೆ. ಉಳಿದರ್ಧ ಭಯಕ್ಕೆ ಕಾರಣವಿದೆಯೋ ಇಲ್ಲವೋ ಎಂದು ವಿಚಾರಿಸಲು ಆಗ ಮನಸ್ಸು ಸಿದ್ಧವಾಗುತ್ತದೆ. ಆದುದರಿಂದ ನೌಕಾಪಡೆಯ ಕೆಡೆಟ್‌ನ ಬಾಳು ಎಂತಹದು, ಅವನಿಗೆ ಅಲ್ಲಿ ಏನನ್ನು ಕಲಿಸುತ್ತಾರೆ, ಅವನನ್ನು ಕಳಿಸುವ ತಾಯಿತಂದೆಗಳ ಪಾಲಿನ ಕರ್ತವ್ಯವೇನು ಎಂಬುದನ್ನು ಈ ಸಂಚಿಕೆಯಲ್ಲಿ ವಿವೇಚಿಸೋಣ.

ಮೊದಲಿಗೆ, ಕಡಲು ನಮ್ಮದಲ್ಲವೆಂಬ ಭಾವನೆಯನ್ನು ಬಿಡಬೇಕು. ಬಾಗಲಕೋಟೆ ಜಿಲ್ಲೆಯ ಐಹೊಳೆಯಲ್ಲಿ ಕ್ರಿ.ಶ. 634ರ ರವಿಕೀರ್ತಿಯ ಶಾಸನವಿದೆ. ಬಾದಾಮಿಯ ಇಮ್ಮಡಿ ಪುಲಕೇಶಿಯು ನೂರಾರು ಹಡಗುಗಳೊಡನೆ ಪಶ್ಚಿಮ ಸಮುದ್ರದ ಪುರಿಯೆಂಬ ನಗರಿಯನ್ನು ಮುತ್ತಿದನೆಂದು ಅದು ಹೇಳುತ್ತದೆ. ಕೆಂಪು ಬಂಡೆಗಳ ನಡುವೆ ರಾಜಧಾನಿಯಿದ್ದ ಅರಸನಿಗೂ ಕಡಲು ಪರಕೀಯವಾಗಿರಲಿಲ್ಲ. ನಮ್ಮ ಕಾಲದಲ್ಲಿಯೂ 2005ರಲ್ಲಿ ಕಾರವಾರದಲ್ಲಿ ಸ್ಥಾಪಿತವಾದ ನೌಕಾನೆಲೆಗೆ ಬನವಾಸಿಯ ರಾಜವಂಶದ ನೆನಪಿಗಾಗಿ 'ಕದಂಬ' ಎಂಬ ಹೆಸರನ್ನಿಟ್ಟಿದ್ದಾರೆ. ಸಂಸ್ಕೃತದ 'ನೌ' ಶಬ್ದವೂ ಇಂಗ್ಲಿಷಿನ 'ನೇವಿ' ಶಬ್ದದ ಮೂಲವಾದ ಲ್ಯಾಟಿನ್ನಿನ 'ನಾವಿಸ್' ಶಬ್ದವೂ ಒಂದೇ ಬೇರಿನಿಂದ ಹುಟ್ಟಿದವೆಂದು ಭಾಷಾಶಾಸ್ತ್ರಜ್ಞರು ನಿರ್ಣಯಿಸಿದ್ದಾರೆ.

ಇನ್ನು ಮನೆಗಳಲ್ಲಿ ಸಾಮಾನ್ಯವಾಗಿ ಕಂಡುಬರುವ ಒಂದು ಗೊಂದಲವನ್ನು ನಿವಾರಿಸಿಕೊಳ್ಳಬೇಕು. ಸರಕು ಸಾಗಿಸುವ ವಾಣಿಜ್ಯ ಹಡಗುಗಳ ನೌಕರಿ ಬೇರೆ, ದೇಶರಕ್ಷಣೆಯ ನೌಕಾಪಡೆ ಬೇರೆ. ನೌಕಾಪಡೆಯಲ್ಲಿಯೂ ನಾವಿಕರಾಗಿ ಸೇರುವ ದಾರಿ ಬೇರೆ, ಅಧಿಕಾರಿಯಾಗುವ ದಾರಿ ಬೇರೆ. 2022ರಲ್ಲಿ ಆರಂಭವಾದ ಅಗ್ನಿವೀರ ಯೋಜನೆ ನಾವಿಕರಿಗೆ ಸಂಬಂಧಿಸಿದ್ದು. ಅದರ ಅವಧಿ ನಾಲ್ಕು ವರ್ಷ. ಈ ಮೂರನ್ನೂ ಒಂದೇ ಎಂದು ತಿಳಿದು ಮಧ್ಯವರ್ತಿಗಳ ಕೈಗೆ ಹಣ ಕೊಟ್ಟು ಮೋಸಹೋಗುವವರುಂಟು. ನೌಕಾಪಡೆಯ ಅಧಿಕಾರಿಯ ಸ್ಥಾನವನ್ನು ಯಾವ ಮಧ್ಯವರ್ತಿಯೂ ಕೊಡಿಸಲಾರನು. ಹಣ ಕೇಳಿದವನು ವಂಚಕನೆಂದೇ ತಿಳಿಯಿರಿ.

ಪಿ.ಯು.ಸಿ. ಮುಗಿಸುವ ವಿದ್ಯಾರ್ಥಿಗೆ ಮುಖ್ಯವಾಗಿ ಎರಡು ಬಾಗಿಲುಗಳಿವೆ. ಒಂದನೆಯದು ಪುಣೆಯ ಸಮೀಪದ ಖಡಕವಾಸ್ಲಾದಲ್ಲಿರುವ ರಾಷ್ಟ್ರೀಯ ರಕ್ಷಣಾ ಅಕಾಡೆಮಿ. ಭೂಸೇನೆ, ನೌಕಾಪಡೆ, ವಾಯುಪಡೆಗಳ ಭಾವೀ ಅಧಿಕಾರಿಗಳು ಇಲ್ಲಿ ಮೂರು ವರ್ಷ ಒಟ್ಟಿಗೆ ಕಲಿಯುತ್ತಾರೆ. ಇದರ ಪ್ರವೇಶ ಪರೀಕ್ಷೆಯನ್ನು ಕೇಂದ್ರ ಲೋಕಸೇವಾ ಆಯೋಗವು ವರ್ಷಕ್ಕೆ ಎರಡು ಬಾರಿ ನಡೆಸುತ್ತದೆ. ಗಣಿತಕ್ಕೆ 300, ಸಾಮಾನ್ಯ ಸಾಮರ್ಥ್ಯಕ್ಕೆ 600, ಹೀಗೆ ಲಿಖಿತ ಪರೀಕ್ಷೆಗೆ 900 ಅಂಕಗಳು; ಆಯ್ಕೆ ಮಂಡಳಿಯ ಪರೀಕ್ಷೆಗೆ ಇನ್ನೊಂದು 900. ಪುಸ್ತಕದ ವಿದ್ಯೆಗೆ ಎಷ್ಟು ತೂಕವೋ ವ್ಯಕ್ತಿತ್ವಕ್ಕೂ ಅಷ್ಟೇ ತೂಕವೆಂಬುದನ್ನು ಇಲ್ಲಿ ಗಮನಿಸಬೇಕು. ಎರಡನೆಯದು ಜೆ.ಇ.ಇ. ಮೇನ್ ಪರೀಕ್ಷೆಯ ಶ್ರೇಣಿಯನ್ನು ಆಧರಿಸಿ ಬಿ.ಟೆಕ್. ಕೆಡೆಟ್ ಆಗಿ ಸೇರುವ ಮಾರ್ಗ. ಇವರು ಕೇರಳದ ಕಣ್ಣೂರು ಜಿಲ್ಲೆಯ ಎಝಿಮಲದಲ್ಲಿ, ಕಡಲ ದಂಡೆಯ ಮೇಲೆಯೇ ಇರುವ ಭಾರತೀಯ ನೌಕಾ ಅಕಾಡೆಮಿಯಲ್ಲಿ ನಾಲ್ಕು ವರ್ಷ ಕಲಿಯುತ್ತಾರೆ. 1987ರಲ್ಲಿ ಅಡಿಗಲ್ಲು ಬಿದ್ದ ಈ ಅಕಾಡೆಮಿಯ ಉದ್ಘಾಟನೆ ನೆರವೇರಿದುದು 2009ರ ಜನವರಿಯಲ್ಲಿ. ಖಡಕವಾಸ್ಲಾದಲ್ಲಿ ಮೂರು ವರ್ಷ ಮುಗಿಸಿದ ನೌಕಾ ಕೆಡೆಟ್‌ಗಳೂ ಮುಂದಿನ ಶಿಕ್ಷಣಕ್ಕಾಗಿ ಇಲ್ಲಿಗೇ ಬರುತ್ತಾರೆ. ಪದವಿ ಮುಗಿಸಿದವರಿಗೆ ಬೇರೆ ದಾರಿಗಳೂ ಇವೆ.

ಇನ್ನೂ ಚಿಕ್ಕ ಮಕ್ಕಳಿಗೆ ಸಿದ್ಧತೆಯ ತಾಣಗಳು ನಮ್ಮ ನಾಡಿನಲ್ಲಿಯೇ ಇವೆ. 1963ರಲ್ಲಿ ಆರಂಭವಾದ ವಿಜಯಪುರದ ಸೈನಿಕ ಶಾಲೆ, 2007ರಲ್ಲಿ ಆರಂಭವಾದ ಕೊಡಗಿನ ಸೈನಿಕ ಶಾಲೆ, ಬೆಳಗಾವಿ ಮತ್ತು ಬೆಂಗಳೂರಿನ ರಾಷ್ಟ್ರೀಯ ಮಿಲಿಟರಿ ಶಾಲೆಗಳು ಇವುಗಳಲ್ಲಿ ಪ್ರಸಿದ್ಧ. ಕರಾವಳಿಯ ಮಂಗಳೂರು, ಉಡುಪಿ, ಕಾರವಾರಗಳಲ್ಲಿ ಎನ್.ಸಿ.ಸಿ.ಯ ನೌಕಾ ಘಟಕಗಳುಂಟು. ಬಿಳಿಯ ಸಮವಸ್ತ್ರ ತೊಟ್ಟು ದೋಣಿಯ ಹುಟ್ಟು ಹಿಡಿದ ಬಾಲಕ ತನಗೆ ಕಡಲು ಒಗ್ಗುವುದೋ ಇಲ್ಲವೋ ಎಂಬುದನ್ನು ಮೊದಲೇ ಅರಿತುಕೊಳ್ಳುತ್ತಾನೆ. ಅಷ್ಟು ದೂರದ ಮಾತು ಬೇಡವೆನ್ನುವವರು ರಜೆಯಲ್ಲಿ ಮಕ್ಕಳನ್ನು ಕಾರವಾರದ ಕಡಲತೀರಕ್ಕೆ ಕರೆದೊಯ್ದು, ಅಲ್ಲಿ ಸಂಗ್ರಹಾಲಯವಾಗಿರುವ 'ಚಪಲ' ಎಂಬ ಹಳೆಯ ಯುದ್ಧನೌಕೆಯ ಒಳಹೊಕ್ಕು ತೋರಿಸಿದರೂ ಆಯಿತು. ಅದರ ಇಕ್ಕಟ್ಟಾದ ಓಣಿಗಳನ್ನು ಕಂಡ ಮೇಲೆ ಕನಸಿಗೆ ಒಂದು ಅಳತೆ ಬರುತ್ತದೆ.

ಲಿಖಿತ ಪರೀಕ್ಷೆಯಲ್ಲಿ ತೇರ್ಗಡೆಯಾದವರನ್ನು ಆಯ್ಕೆ ಮಂಡಳಿಯು ಐದು ದಿನ ತನ್ನ ಬಳಿ ಇರಿಸಿಕೊಂಡು ಪರೀಕ್ಷಿಸುತ್ತದೆ. ಮೊದಲ ದಿನವೇ ಬಹಳಷ್ಟು ಜನ ಹಿಂದಿರುಗುತ್ತಾರೆ. ಉಳಿದವರಿಗೆ ಚಿತ್ರವೊಂದನ್ನು ತೋರಿಸಿ ಕಥೆ ಬರೆಯಿಸುತ್ತಾರೆ. ಒಂದಾದ ಮೇಲೊಂದರಂತೆ 60 ಶಬ್ದಗಳನ್ನು ತೋರಿಸಿ, ತಲಾ 15 ಸೆಕೆಂಡುಗಳಲ್ಲಿ ಮನಸ್ಸಿಗೆ ತೋಚಿದ ವಾಕ್ಯವನ್ನು ಬರೆಯೆನ್ನುತ್ತಾರೆ. ಹಗ್ಗ, ಹಲಗೆ, ಮರದ ತೊಲೆಗಳನ್ನು ಕೊಟ್ಟು ತಂಡವಾಗಿ ಅಡೆತಡೆ ದಾಟಿರೆನ್ನುತ್ತಾರೆ. ಇಷ್ಟರ ನಡುವೆ ಇನ್ನೊಂದು ಪ್ರಶ್ನೆಯಿದೆ. ಹಿರಿಯರಾದ ನಾವು ಅದನ್ನು ಮನನ ಮಾಡಬೇಕು. "ನಿನ್ನ ತಾಯಿತಂದೆಗಳು ನಿನ್ನ ಬಗೆಗೆ ಏನೆಂದು ತಿಳಿದಿದ್ದಾರೆ? ಗುರುಗಳು, ಗೆಳೆಯರು ಏನೆನ್ನುತ್ತಾರೆ? ನೀನೇ ನಿನ್ನ ಬಗೆಗೆ ಏನೆನ್ನುತ್ತೀಯೆ?" ಎಂದು ಅಭ್ಯರ್ಥಿಯಿಂದ ಬರೆಯಿಸುತ್ತಾರೆ. ಮನೆಯಲ್ಲಿ ಮಗುವಿನೊಡನೆ ಮನಬಿಚ್ಚಿ ಮಾತನಾಡದ ತಂದೆಯ ಮಗ ಈ ಪ್ರಶ್ನೆಗೆ ಏನು ತಾನೆ ಬರೆದಾನು? ಪರೀಕ್ಷೆ ನಡೆಯುವುದು ಮಗುವಿಗಾದರೂ ಅಲ್ಲಿ ಉತ್ತರ ಹೇಳುವುದು ಮನೆ.

ಆಯ್ಕೆಯಾಗಿ, ದೃಷ್ಟಿ ಮತ್ತು ದೇಹದಾರ್ಢ್ಯದ ವೈದ್ಯಕೀಯ ತಪಾಸಣೆಯನ್ನೂ ದಾಟಿ ಅಕಾಡೆಮಿಗೆ ಹೋದ ಹುಡುಗನ ದಿನ ಸೂರ್ಯೋದಯಕ್ಕೆ ಮುನ್ನ ಆರಂಭವಾಗುತ್ತದೆ. ವ್ಯಾಯಾಮ, ಕವಾಯತು, ಇಂಜಿನಿಯರಿಂಗ್ ಪಾಠಗಳು, ಈಜು, ಹುಟ್ಟುದೋಣಿ, ಹಾಯಿದೋಣಿ, ಸಂಜೆ ಆಟ, ರಾತ್ರಿ ಅಭ್ಯಾಸ. ಈಜು ಬಾರದ ಒಳನಾಡಿನ ಮಕ್ಕಳಿಗೆ ಅಲ್ಲಿಯೇ ಕಲಿಸುತ್ತಾರೆ. ಹಾಸಿಗೆಯನ್ನು ಮಡಿಸುವುದರಿಂದ ಹಿಡಿದು ಬೂಟಿಗೆ ಹೊಳಪು ಕೊಡುವವರೆಗೆ ಎಲ್ಲವನ್ನೂ ತಾನೇ ಮಾಡಿಕೊಳ್ಳಬೇಕು. ಮನೆಯಲ್ಲಿ ತಟ್ಟೆ ಎತ್ತಿಡದ ಮಗ ಅಲ್ಲಿ ಇದನ್ನೆಲ್ಲ ಕಲಿತು ಬರುತ್ತಾನೆ.

ಆದರೆ ನಿಜವಾದ ಪಾಠಶಾಲೆ ಹಡಗು. ಕೊಚ್ಚಿಯಲ್ಲಿ ನೆಲೆಗೊಂಡ ತರಬೇತಿ ನೌಕೆಗಳ ದಳದಲ್ಲಿ ಕೆಡೆಟ್‌ಗಳು ತಿಂಗಳುಗಟ್ಟಲೆ ಸಮುದ್ರದ ಮೇಲಿರುತ್ತಾರೆ. ಈ ದಳದ 'ತರಂಗಿಣಿ' 1997ರಲ್ಲಿ ಸೇವೆಗೆ ಸೇರಿದ ಮೂರು ಕೂವೆಕಂಬಗಳ ಹಾಯಿಹಡಗು. ಅದಕ್ಕೆ 20 ಹಾಯಿಗಳು. ಕ್ಷಿಪಣಿಗಳ ಈ ಯುಗದಲ್ಲಿ ಹಾಯಿಹಡಗು ಏತಕ್ಕೆಂದು ಕೇಳಬಹುದು. ಗಾಳಿಯ ದಿಕ್ಕನ್ನು ಮೈಯಿಂದ ಅರಿಯುವುದು, ನಕ್ಷತ್ರ ನೋಡಿ ದಾರಿ ತಿಳಿಯುವುದು, ತೂಗಾಡುವ ಕಂಬದ ಮೇಲೆ ಪಕ್ಕದವನ ಕೈಯನ್ನು ನಂಬಿ ಕೆಲಸ ಮಾಡುವುದು, ಇವನ್ನು ಯಂತ್ರ ಕಲಿಸಲಾರದು. ಹಡಗಿನ ಮೇಲೆ ಕೆಡೆಟ್ ಅಟ್ಟವನ್ನು ತೊಳೆಯುತ್ತಾನೆ, ಹಗ್ಗ ಎಳೆಯುತ್ತಾನೆ, ಎಂಜಿನ್ ಕೋಣೆಯ ಸೆಕೆಯಲ್ಲಿ ಬೇಯುತ್ತಾನೆ. ನಾಳೆ ತನ್ನ ಆಜ್ಞೆಯಂತೆ ನಡೆಯುವ ನಾವಿಕನ ದುಡಿಮೆ ಎಷ್ಟು ಭಾರವೆಂಬುದನ್ನು ಇಂದು ತನ್ನ ಬೆನ್ನಿನಿಂದಲೇ ಅಳೆಯುತ್ತಾನೆ. ಅಳೆಯದವನ ಆಜ್ಞೆಗೆ ಬೆಲೆಯಿಲ್ಲ.

ಹಡಗಿನ ಪಾಳಿಯ ಕ್ರಮವೂ ಸ್ವಾರಸ್ಯಕರವಾದುದು. ದಿನದ 24 ಗಂಟೆಗಳನ್ನು ನಾಲ್ಕು ನಾಲ್ಕು ಗಂಟೆಗಳ ಪಾಳಿಗಳಾಗಿ ಹಂಚಿದರೆ ಆರು ಪಾಳಿಗಳಾಗುತ್ತವೆ. ಮೂರು ತಂಡಗಳಿದ್ದರೆ ನಡುರಾತ್ರಿಯ ಪಾಳಿ ದಿನವೂ ಒಂದೇ ತಂಡದ ಪಾಲಿಗೆ ಬಂದೀತು. ಆದುದರಿಂದ ಸಂಜೆ 4ರಿಂದ 8ರವರೆಗಿನ ಪಾಳಿಯನ್ನು ಎರಡೆರಡು ಗಂಟೆಗಳ ಎರಡು ತುಂಡುಗಳಾಗಿ ಮಾಡಿ ಏಳು ಪಾಳಿಗಳಾಗಿಸಿದ್ದಾರೆ. ಇದರಿಂದ ಪ್ರತಿದಿನವೂ ಸರದಿ ಬದಲಾಗಿ ನಿದ್ದೆಗೆಡುವ ಕಷ್ಟ ಎಲ್ಲರಿಗೂ ಸಮನಾಗಿ ಹಂಚಿಹೋಗುತ್ತದೆ. ಕೂಡುಕುಟುಂಬದ ಹಿರಿಯರು ಅರಿಯಬೇಕಾದ ನ್ಯಾಯವಿದು!

ಕೆಡೆಟ್ ಮುಂದೆ ಮಿಡ್‌ಶಿಪ್‌ಮನ್ ಆಗಿ, ಅನಂತರ ಸಬ್ ಲೆಫ್ಟಿನೆಂಟ್ ಆಗುತ್ತಾನೆ. ಭುಜದ ಮೇಲೆ ಪಟ್ಟಿ ಬಂದ ಮಾತ್ರಕ್ಕೆ ಹಡಗನ್ನು ಒಪ್ಪಿಸುವುದಿಲ್ಲ. ಸಮುದ್ರದ ಮೇಲೆ ಪಾಳಿಯ ಹೊಣೆ ಹೊರಬಲ್ಲನೆಂಬ ಅರ್ಹತಾಪತ್ರವನ್ನು ಪ್ರತ್ಯೇಕವಾಗಿ ಗಳಿಸಬೇಕು. ಅದನ್ನು ಗಳಿಸಿದ ಮೇಲೆ, ನಡುರಾತ್ರಿ ಕಪ್ತಾನನು ಮಲಗಿರುವಾಗ ನೂರಾರು ಜನರ ಜೀವವಿರುವ ನೌಕೆಯನ್ನು ಇಪ್ಪತ್ತರ ಹರೆಯದ ಈ ತರುಣ ನಡೆಸುತ್ತಾನೆ. ಅವರೆಲ್ಲರೂ ನಿಶ್ಚಿಂತೆಯಿಂದ ನಿದ್ರಿಸುತ್ತಿರುವುದು ಇವನು ಎಚ್ಚರವಾಗಿದ್ದಾನೆಂಬ ಒಂದೇ ನಂಬಿಕೆಯ ಮೇಲೆ. ವರ್ಷಗಟ್ಟಲೆಯ ಆ ಶಿಕ್ಷಣದ ಸಾರವೆಲ್ಲ ಈ ಎಚ್ಚರದಲ್ಲಿ ಅಡಗಿದೆ.

ಆ ಹೊಣೆ ಎಲ್ಲಿಯವರೆಗೆ ಹೋಗಬಲ್ಲುದೆಂಬುದಕ್ಕೆ ಒಂದು ನಿದರ್ಶನವನ್ನು ನಮ್ಮ ದೇಶ ಕಂಡಿದೆ. 1971ರ ಡಿಸೆಂಬರ್ 9ರ ರಾತ್ರಿ ದಿಯು ಕರಾವಳಿಯ ಬಳಿ 'ಖುಕ್ರಿ' ಎಂಬ ಯುದ್ಧನೌಕೆ ಶತ್ರುವಿನ ಜಲಾಂತರ್ಗಾಮಿಯ ಹೊಡೆತಕ್ಕೆ ಸಿಲುಕಿ ಮುಳುಗಿತು. ಕಪ್ತಾನ ಮಹೇಂದ್ರನಾಥ ಮುಲ್ಲಾ ಅವರು ತಮ್ಮ ಜೀವರಕ್ಷಕ ಅಂಗಿಯನ್ನು ಇನ್ನೊಬ್ಬರಿಗೆ ಕೊಟ್ಟು, ತಮ್ಮವರನ್ನು ಪಾರುಮಾಡುತ್ತ, ಹಡಗಿನೊಡನೆಯೇ ಜಲಸಮಾಧಿಯಾದರು. 18 ಅಧಿಕಾರಿಗಳೂ 176 ನಾವಿಕರೂ ಅಂದು ಅಸುನೀಗಿದರು. ಮುಲ್ಲಾ ಅವರಿಗೆ ಮರಣೋತ್ತರ ಮಹಾವೀರ ಚಕ್ರ ಸಂದಿತು. ಮಗುವನ್ನು ಕಳಿಸುವ ಮನೆಯಿಂದ ಈ ಸತ್ಯವನ್ನು ಮರೆಮಾಚುವುದು ಸಲ್ಲದು. ಸಮವಸ್ತ್ರದ ಚೆಲುವನ್ನು ಮಾತ್ರ ನೋಡಿ ಕಳಿಸಬಾರದು. ಅದರ ಭಾರವನ್ನೂ ಬಲ್ಲವರಾಗಿ ಕಳಿಸಬೇಕು.

ಹೆಣ್ಣುಮಕ್ಕಳ ವಿಷಯದಲ್ಲಿಯೂ ಒಂದು ಮಾತು. 2021ರಲ್ಲಿ ಸರ್ವೋಚ್ಚ ನ್ಯಾಯಾಲಯವು ನೀಡಿದ ಆದೇಶದಿಂದಾಗಿ ಖಡಕವಾಸ್ಲಾದ ಬಾಗಿಲು ಅವರಿಗೂ ತೆರೆಯಿತು. ಅಲ್ಲಿ ಕಲಿತ ಮೊದಲ ತಂಡದ 17 ಯುವತಿಯರು 2025ರ ಮೇ ತಿಂಗಳಲ್ಲಿ ಪದವಿ ಪಡೆದು ಹೊರಬಂದರು. ಅದೇ ತಿಂಗಳಲ್ಲಿ ನೌಕಾಪಡೆಯ ಅಧಿಕಾರಿಗಳಾದ ದಿಲ್ನಾ ಮತ್ತು ರೂಪಾ ಎಂಬ ಇಬ್ಬರು 'ತಾರಿಣಿ' ಎಂಬ ಹಾಯಿನೌಕೆಯಲ್ಲಿ ಭೂಮಂಡಲವನ್ನೇ ಸುತ್ತಿ ಗೋವೆಗೆ ಮರಳಿದರು. ಅವರು ಹೊರಟದ್ದು 2024ರ ಅಕ್ಟೋಬರ್ 2ರಂದು. ಎಂಟು ತಿಂಗಳು, ಇಬ್ಬರೇ, ಒಂದು ಚಿಕ್ಕ ನೌಕೆ. ಇನ್ನು ಮೇಲೆ "ಹೆಣ್ಣು ಹುಡುಗಿ, ನಿನಗೇಕೆ ಸಮುದ್ರ?" ಎಂಬ ಮಾತನ್ನು ಮನೆಯ ಹಿರಿಯರು ಯೋಚಿಸಿ ಆಡಬೇಕು.

ಇನ್ನು ತಾಯಿತಂದೆಗಳ ಪಾಲಿನ ಕರ್ತವ್ಯ. ಕೆಡೆಟ್‌ನ ಶಿಕ್ಷಣ, ವಸತಿ, ಊಟದ ವೆಚ್ಚವನ್ನು ಸರಕಾರವೇ ಭರಿಸುತ್ತದೆ. ಬಡವನ ಮಗನಿಗೂ ಈ ದಾರಿ ತೆರೆದಿದೆ. ಆದರೆ ಸೇರುವಾಗ ಮನೆಯವರು ಒಪ್ಪಿಗೆಯ ಕರಾರುಪತ್ರಕ್ಕೆ ಸಹಿ ಹಾಕಬೇಕಾಗುತ್ತದೆ. ಕೆಡೆಟ್ ತನ್ನ ಇಚ್ಛೆಯಿಂದ ನಡುವೆ ಬಿಟ್ಟು ಬಂದರೆ ತರಬೇತಿಯ ವೆಚ್ಚವನ್ನು ಹಿಂದಿರುಗಿಸಬೇಕಾಗಬಹುದು. ಪಾಠದಲ್ಲಿ ಹಿಂದೆ ಬಿದ್ದವನು ಅದೇ ಅವಧಿಯನ್ನು ಮತ್ತೆ ಮಾಡಬೇಕಾಗುವುದುಂಟು. ತರಬೇತಿಯಲ್ಲಿ ಗಾಯಗೊಂಡು, ದೇಹ ಊನವಾಗಿ ಮನೆಗೆ ಮರಳಿದ ಮಕ್ಕಳೂ ಇದ್ದಾರೆ. ಅವರ ಪಾಡನ್ನು 2025ರ ಆಗಸ್ಟ್‌ನಲ್ಲಿ ಸರ್ವೋಚ್ಚ ನ್ಯಾಯಾಲಯವು ತಾನಾಗಿಯೇ ವಿಚಾರಣೆಗೆ ಎತ್ತಿಕೊಂಡಿತು. ಆದುದರಿಂದ ಸಹಿ ಹಾಕುವ ಮುನ್ನ ಪತ್ರವನ್ನು ಪೂರ್ಣವಾಗಿ ಓದಿರಿ. ಅದಕ್ಕಿಂತ ಮುಂಚೆ ಮಗುವಿನ ಮನಸ್ಸನ್ನು ಓದಿರಿ. ಈ ಆಸೆ ಅವನದೇ? ಅಥವಾ ಬೀಗರ ಮಗನನ್ನು ನೋಡಿ ನಮ್ಮಲ್ಲಿ ಹುಟ್ಟಿದ್ದೇ? ನಮ್ಮ ಪ್ರತಿಷ್ಠೆಗಾಗಿ ಹೋದ ಮಗ ಮೊದಲ ಚಳಿಯ ಮುಂಜಾವಿನಲ್ಲಿಯೇ ಸೋಲುತ್ತಾನೆ. ತನ್ನ ಸಂಕಲ್ಪದಿಂದ ಹೋದವನು ಸೋತರೂ ಮತ್ತೆ ಏಳುತ್ತಾನೆ.

ಆಯ್ಕೆಯಾಗದೆ ಹಿಂದಿರುಗಿದ ಮಗುವನ್ನು ಹಳಿಯಲೂ ಬಾರದು. ಆಯ್ಕೆ ಮಂಡಳಿ ನೋಡುವುದು ಒಂದು ವೃತ್ತಿಗೆ ಬೇಕಾದ ಗುಣಗಳನ್ನು, ಮನುಷ್ಯನ ಬೆಲೆಯನ್ನಲ್ಲ. ಹಲವು ಬಾರಿ ಪ್ರಯತ್ನಿಸಿ ಆಯ್ಕೆಯಾದವರುಂಟು. ಬೇರೆ ದಾರಿ ಹಿಡಿದು ಬಾಳನ್ನು ಸಾರ್ಥಕಗೊಳಿಸಿಕೊಂಡವರೂ ಉಂಟು.

ಎಝಿಮಲದಲ್ಲಿ ಶಿಕ್ಷಣ ಮುಗಿದ ದಿನ ಅಂತಿಮ ಪಥಸಂಚಲನವಾಗುತ್ತದೆ. 'ಅಂತಿಮ ಪಗ್', ಎಂದರೆ ಕೊನೆಯ ಹೆಜ್ಜೆಯನ್ನು ಇಟ್ಟು ತರುಣರು ಮೈದಾನವನ್ನು ದಾಟುತ್ತಾರೆ. ಅನಂತರ ಅವರ ಭುಜದ ಮೇಲೆ ಅಧಿಕಾರಿಯ ಪಟ್ಟಿಯನ್ನು ಮೊದಲ ಬಾರಿಗೆ ತೊಡಿಸುವವರು ಸೇನಾಪತಿಗಳಲ್ಲ. ಅಲ್ಲಿಗೆ ಬಂದ ತಾಯಿತಂದೆಗಳು. ಹೊಣೆಯನ್ನು ಹೊರಿಸುವ ಕೈ ಮನೆಯದೇ ಆಗಿರಬೇಕೆಂಬ ಈ ಪದ್ಧತಿ ಎಷ್ಟು ಉಚಿತವಾದುದು! ಊಟದ ಹೊತ್ತಿನಲ್ಲಿ ಬಡಿಸುವುದನ್ನು ನಿಲ್ಲಿಸಿದ್ದ ಆ ತಾಯಿಯ ಕೈ, ಅಂದು ಮಗುವಿನ ಭುಜದ ಮೇಲೆ ನಡುಗದೆ ಪಟ್ಟಿಯನ್ನು ಕಟ್ಟುವಂತಾಗಲಿ. ಕಡಲಿಗೆ ಹೊರಟ ನಮ್ಮ ಮಕ್ಕಳಿಗೆಲ್ಲ ಶುಭವಾಗಲಿ.