ಕ್ಯಾಸೆಟ್ಟು ಮನೆಯೊಳಗೆ ಬಂದ ಮೇಲೆ

ನೀಲಿಚಿತ್ರಗಳ ಬಗ್ಗೆ ನಮ್ಮಲ್ಲಿ ಮಾತು ಬಂದಾಗಲೆಲ್ಲ ಅದು ಸಂಸ್ಕೃತಿಯ ಪ್ರಶ್ನೆಯಾಗಿ ಮುಗಿದುಹೋಗುತ್ತದೆ. 2012ರ ಫೆಬ್ರವರಿಯಲ್ಲಿ ವಿಧಾನಸಭೆಯೊಳಗೆ ಮೊಬೈಲಿನಲ್ಲಿ ಅಶ್ಲೀಲ ದೃಶ್ಯ ನೋಡಿದ ಪ್ರಕರಣದಲ್ಲಿ ಮೂವರು ಸಚಿವರು ರಾಜೀನಾಮೆ ಕೊಟ್ಟಾಗಲೂ ಚರ್ಚೆಯಾದದ್ದು ಸದನದ ಘನತೆಯೇ. ಇಂತಹ ಚಿತ್ರ ಓಡುವ ಕೋಣೆಯಲ್ಲಿ ಬಲವಂತಕ್ಕೆ ಕೂರುವ ಹೆಂಡತಿಯನ್ನು ಯಾರೂ ಕೇಳುವುದಿಲ್ಲ. ಈ ಚರಿತ್ರೆಯನ್ನು ಅವಳ ಕಡೆಯಿಂದ ನೋಡಬೇಕೆಂಬುದು ನನ್ನ ವಾದ.

ಇದು ಮೊದಲು ಥಿಯೇಟರಿನ ಉದ್ಯಮ. ಅಮೆರಿಕದ 'ಡೀಪ್ ಥ್ರೋಟ್' (1972) ಟಿಕೆಟ್ ಕೊಂಡವರಿಗೆ ತೋರಿಸಿದ ಚಿತ್ರ. ಸೋನಿ 1975ರಲ್ಲಿ ಬೀಟಾಮ್ಯಾಕ್ಸನ್ನೂ ಜೆವಿಸಿ 1976ರಲ್ಲಿ ವಿಎಚ್‌ಎಸ್ಸನ್ನೂ ತಂದ ಮೇಲೆ ಆ ವ್ಯಾಪಾರ ಹತ್ತು ವರ್ಷದೊಳಗೆ ಬಹುಪಾಲು ಕ್ಯಾಸೆಟ್ಟಿಗೆ ಹೋಯಿತು. ತಯಾರಿಕೆ ಅಗ್ಗ; ನೋಡುವವನು ಯಾರ ಕಣ್ಣಿಗೂ ಬೀಳಬೇಕಿಲ್ಲ. ತೆರೆಯ ಮೇಲಿದ್ದವಳ ಗತಿಯೇನು? ಆ ಚಿತ್ರದ ನಟಿ ಲಿಂಡಾ ಬೋರ್‌ಮನ್ 1980ರ ಆತ್ಮಕಥೆ 'ಆರ್ಡೀಲ್'ನಲ್ಲಿ, ಗಂಡ ಹೊಡೆದು, ಬಂದೂಕು ತೋರಿಸಿ ತನ್ನನ್ನು ಈ ಕೆಲಸಕ್ಕೆ ಹಚ್ಚಿದನೆಂದು ಬರೆದಳು. ಲೋಕ ಮನರಂಜನೆಯೆಂದು ನೋಡಿದ್ದು ಆಕೆಯ ಪಾಲಿಗೆ ಗಂಡನ ದೌರ್ಜನ್ಯವಾಗಿತ್ತು.

ನಮ್ಮಲ್ಲಿ 1982ರ ದೆಹಲಿ ಏಷ್ಯನ್ ಕ್ರೀಡಾಕೂಟದ ಹೊತ್ತಿಗೆ ಬಣ್ಣದ ಟಿ.ವಿ. ಬಂತು, ಬೆನ್ನಿಗೇ ವಿಸಿಆರ್. ಬಸವನಗುಡಿ, ಮಲ್ಲೇಶ್ವರ, ಚಾಮರಾಜಪೇಟೆಗಳ ಬೀದಿಗಳಲ್ಲಿ ವಿಡಿಯೋ ಲೈಬ್ರರಿಗಳು ತೆರೆದುಕೊಂಡವು. ವರೋಪಚಾರದ ಪಟ್ಟಿಯಲ್ಲಿ ಸ್ಕೂಟರಿನ ಪಕ್ಕಕ್ಕೆ ವಿಸಿಆರ್ ಸೇರಿತು. ತಂದೆ ಸಾಲ ಮಾಡಿ ಕೊಡಿಸಿದ ಯಂತ್ರದಲ್ಲೇ ಮಗಳಿಗೆ ಇಂತಹ ಚಿತ್ರ ತೋರಿಸಿ, ಹಾಗೆಯೇ ನಡೆದುಕೊಳ್ಳೆಂದು ಗಂಡ ಹೊಡೆದದ್ದನ್ನು ನನ್ನೆದುರು ಹೇಳಿಕೊಂಡವರಿದ್ದಾರೆ. ಅವರಲ್ಲಿ ಒಬ್ಬಾಕೆ ತವರಿನಲ್ಲಿ ಹೇಳಿದ್ದು ದುಡ್ಡು ಕೇಳುತ್ತಾರೆ ಎಂದಷ್ಟೇ. ಹಣದ ಕಾಟ ಹೇಳಲು ಮಾತಿತ್ತು, ಇದನ್ನು ಹೇಳಲು ಇರಲಿಲ್ಲ.

ಕಾನೂನಿನಲ್ಲೂ ಹಾಗೆಯೇ ಆಯಿತು. 1986ರಲ್ಲಿ ಮಹಿಳೆಯರ ಅಸಭ್ಯ ನಿರೂಪಣೆಯನ್ನು ನಿಷೇಧಿಸುವ ಕಾಯಿದೆ ಬಂತು. ಅದೇ ವರ್ಷ ವರದಕ್ಷಿಣೆ ಸಾವಿಗೆ ಸಂಬಂಧಿಸಿದ 304ಬಿ ಕಲಮು ದಂಡಸಂಹಿತೆಗೆ ಸೇರಿತು. ಒಂದು ಚಿತ್ರದಲ್ಲಿರುವ ಹೆಣ್ಣಿಗೆ, ಇನ್ನೊಂದು ಸತ್ತ ಹೆಣ್ಣಿಗೆ. ನಡುವೆ ಬದುಕಿದ್ದವಳಿಗೆ 1983ರ 498ಎ ಇತ್ತು ನಿಜ. ಆದರೆ ಠಾಣೆಯಲ್ಲಿ ಬರೆಸುವ ದೂರು ಒಡವೆ, ಹಣ, ಹೊಡೆತಗಳಿಗೇ ನಿಲ್ಲುತ್ತಿತ್ತು.

2005ರ ಕೌಟುಂಬಿಕ ದೌರ್ಜನ್ಯ ಕಾಯಿದೆ ಲೈಂಗಿಕ ಹಿಂಸೆಯನ್ನು ಹೆಸರಿಸಿತು. 2006ರ ನಿಯಮಗಳ ಜೊತೆಗಿರುವ ಘಟನಾ ವರದಿಯ ನಮೂನೆಯಲ್ಲಿ, ಅಶ್ಲೀಲ ಚಿತ್ರಗಳನ್ನು ಬಲವಂತವಾಗಿ ನೋಡಿಸುವುದಕ್ಕೆ ಒಂದು ಸಾಲೇ ಇದೆ. ಆ ಸಾಲನ್ನು ಹೆಣ್ಣಿಗೆ ಓದಿ ಹೇಳುವವರು ಎಷ್ಟು ಮಂದಿ?

ನಿಷೇಧಿಸಿಬಿಟ್ಟರೆ ಮುಗಿಯಿತಲ್ಲ ಎನ್ನುವವರಿದ್ದಾರೆ. ನನಗೆ ಆ ನಂಬಿಕೆಯಿಲ್ಲ. ಪೊಲೀಸರು ಪಾರ್ಲರಿಗೆ ನುಗ್ಗಿ ಕ್ಯಾಸೆಟ್ಟು ವಶಪಡಿಸಿಕೊಳ್ಳಬಲ್ಲರು. ಮಲಗುವ ಕೋಣೆಯಲ್ಲಿ ನಡೆಯುವ ಬಲಾತ್ಕಾರ ಹಾಗೆಯೇ ಉಳಿಯುತ್ತದೆ. ಕ್ಯಾಸೆಟ್ಟು ಹೋಗಿ ಸಿ.ಡಿ. ಬಂತು, ಸಿ.ಡಿ. ಹೋಗಿ ಮೊಬೈಲ್ ಬಂತು, ಗಂಡನ ಹಕ್ಕೆಂಬ ನಂಬಿಕೆ ಹೋಗಲಿಲ್ಲ. ಹೆಂಡತಿ ದೂರಿದ ಪ್ರಕರಣವೊಂದರಲ್ಲಿ ಗಂಡನ ಮೇಲಿನ ಅತ್ಯಾಚಾರದ ಆರೋಪವನ್ನು ರದ್ದುಪಡಿಸಲು ಕರ್ನಾಟಕ ಹೈಕೋರ್ಟ್ 2022ರ ಮಾರ್ಚ್‌ನಲ್ಲಿ ಒಪ್ಪಲಿಲ್ಲ. ಅದೇ ವರ್ಷ ಸುಪ್ರೀಂ ಕೋರ್ಟ್ ಅದಕ್ಕೆ ತಡೆ ಕೊಟ್ಟಿತು. 2024ರ ಜುಲೈಯಲ್ಲಿ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯೂ ಗಂಡನಿಗಿದ್ದ ಹಳೆಯ ವಿನಾಯಿತಿಯನ್ನು ಉಳಿಸಿಕೊಂಡಿದೆ. ನಮ್ಮ ಹೋರಾಟದ ಗುರಿ ಆ ವಿನಾಯಿತಿ.

ಅಲ್ಲಿಯವರೆಗೆ ಸಾಂತ್ವನ ಕೇಂದ್ರಗಳಲ್ಲಿ, ವನಿತಾ ಸಹಾಯವಾಣಿಯಲ್ಲಿ, ರಕ್ಷಣಾಧಿಕಾರಿಗಳ ಎದುರಿನಲ್ಲಿ ನೊಂದ ಹೆಣ್ಣಿನ ಪಕ್ಕ ಕೂರುವ ಗೆಳತಿಯರು ಒಂದು ಕೆಲಸ ಮಾಡಬಹುದು. ಗಂಡನ ಮನೆಯವರನ್ನು ಹೊರಗೆ ಕಳಿಸಿ, ನಮೂನೆಯ ಆ ಸಾಲನ್ನು ಆಕೆಗೆ ತಿಳಿಯುವ ಕನ್ನಡದಲ್ಲಿ ಓದಿ ಹೇಳಿ. ಉತ್ತರಕ್ಕೆ ಅವಸರ ಮಾಡಬೇಡಿ.