ಗಿಲ್ಲಿವೀಡ್ ತಂದುಕೊಟ್ಟವರು ಯಾರು?

ಹ್ಯಾರಿ ಪಾಟರ್ ಕಥೆಯನ್ನು ಸಿನಿಮಾದಲ್ಲಷ್ಟೇ ನೋಡಿದವರನ್ನು ಕೇಳಿ: ಹ್ಯಾರಿಗೆ ಗಿಲ್ಲಿವೀಡ್ ಕೊಟ್ಟವರು ಯಾರು? ನೆವಿಲ್ ಎನ್ನುತ್ತಾರೆ. ಪುಸ್ತಕ ಓದಿದವರು ಡಾಬಿ ಎನ್ನುತ್ತಾರೆ. ಇದೊಂದು ಕ್ವಿಜ್ ಪ್ರಶ್ನೆ, ಅಷ್ಟೇ ಎಂದು ತಳ್ಳಿಹಾಕುವವರೇ ಹೆಚ್ಚು. ನನ್ನ ತಕರಾರು ಅಲ್ಲೇ ಇದೆ. ಆ ಒಂದು ಬದಲಾವಣೆಯಲ್ಲಿ ಕಾದಂಬರಿಯ ರಾಜಕೀಯವೇ ಕೊಚ್ಚಿಹೋಗಿದೆ.

2000ದಲ್ಲಿ ಬಂದ 'ಹ್ಯಾರಿ ಪಾಟರ್ ಅಂಡ್ ದ ಗಾಬ್ಲೆಟ್ ಆಫ್ ಫೈರ್' ಕಾದಂಬರಿಯಲ್ಲಿ ಗಿಲ್ಲಿವೀಡ್ ಒಂದು ನೀರುಗಿಡ. ನೋಡಲು ಇಲಿಬಾಲಗಳ ಲೋಳೆ ಉಂಡೆಯ ಹಾಗೆ. ಜಗಿದು ನುಂಗಿದರೆ ಕತ್ತಿನಲ್ಲಿ ಕಿವಿರು ಮೂಡುತ್ತದೆ, ಬೆರಳುಗಳ ನಡುವೆ ಪೊರೆ ಬೆಳೆಯುತ್ತದೆ. ಸ್ಪರ್ಧೆಯ ಎರಡನೇ ಸುತ್ತಿನಲ್ಲಿ ಸರೋವರದ ತಳಕ್ಕಿಳಿದು, ಅಲ್ಲಿ ಒತ್ತೆಯಾಗಿರುವವರನ್ನು ಒಂದು ಗಂಟೆಯೊಳಗೆ ಬಿಡಿಸಿ ತರಬೇಕು. ಹ್ಯಾರಿಗೆ ದಾರಿ ತೋಚಿಲ್ಲ. ಲೈಬ್ರರಿಯಲ್ಲಿ ಪುಸ್ತಕಗಳ ಮೇಲೆ ತಲೆಯಿಟ್ಟು ನಿದ್ದೆ ಹೋಗಿದ್ದಾನೆ. ಸುತ್ತು ಶುರುವಾಗಲು ಹತ್ತು ನಿಮಿಷ ಇರುವಾಗ ಅವನನ್ನು ಎಬ್ಬಿಸಿ, ಗಿಡವನ್ನು ಕೈಗಿಡುವುದು ಡಾಬಿ ಎಂಬ ಮನೆಗೆಲಸದ ಎಲ್ಫ್. ಅದನ್ನು ಸ್ನೇಪ್‌ನ ದಾಸ್ತಾನಿನಿಂದ ಕದ್ದು ತಂದದ್ದೂ ಡಾಬಿಯೇ.

ಡಾಬಿಗೆ ವಿಷಯ ತಿಳಿದದ್ದು ಹೇಗೆ? ಮೂಡಿಯ ವೇಷದಲ್ಲಿದ್ದ ಖಳ ಮೊದಲು ನೆವಿಲ್‌ಗೆ ನೀರುಗಿಡಗಳ ಪುಸ್ತಕವೊಂದನ್ನು ಕೊಟ್ಟಿರುತ್ತಾನೆ. ಹ್ಯಾರಿ ಹೇಗೂ ಗೆಳೆಯರನ್ನು ಕೇಳುತ್ತಾನೆ, ನೆವಿಲ್ ಹೇಳುತ್ತಾನೆ ಎಂಬುದು ಅವನ ಲೆಕ್ಕ. ಆದರೆ ದಡ್ಡನೆಂದು ಹೆಸರಾದ ನೆವಿಲ್‌ನನ್ನು ಕೇಳಬೇಕೆಂದು ಹ್ಯಾರಿಗೆ ಹೊಳೆಯುವುದೇ ಇಲ್ಲ. ಆಗ ಖಳ ಬಟ್ಟೆ ಒಯ್ಯುವ ನೆಪದಲ್ಲಿ ಡಾಬಿಯನ್ನು ಕರೆಸಿ, ಅವನಿಗೆ ಕೇಳಿಸುವ ಹಾಗೆ ಗಿಲ್ಲಿವೀಡ್ ಮಾತೆತ್ತುತ್ತಾನೆ. ಆಳು ಪಕ್ಕದಲ್ಲಿದ್ದರೂ ದೊಡ್ಡವರು ಮಾತು ನಿಲ್ಲಿಸುವುದಿಲ್ಲ. ಆಳಿಗೆ ಎಲ್ಲವೂ ಕೇಳಿಸುತ್ತಿರುತ್ತದೆ. ಕಾದಂಬರಿಯಲ್ಲಿ ಇದನ್ನು ಸರಿಯಾಗಿ ಅರಿತವನು ಖಳನೊಬ್ಬನೇ ಎಂಬುದು ನಮ್ಮನ್ನು ಚುಚ್ಚಬೇಕು.

ಮೈಕ್ ನ್ಯೂವೆಲ್ ನಿರ್ದೇಶನದ 2005ರ ಸಿನಿಮಾದಲ್ಲಿ ಡಾಬಿಯೇ ಇಲ್ಲ. ಕೆಲಸ ಕಳೆದುಕೊಂಡ ಎಲ್ಫ್ ವಿಂಕಿ ಇಲ್ಲ. ಎಲ್ಫ್‌ಗಳ ಹಕ್ಕಿಗಾಗಿ ಹರ್ಮಾಯನಿ ಕಟ್ಟಿದ ಸಂಘವೂ ಇಲ್ಲ. ದಪ್ಪ ಕಾದಂಬರಿಯನ್ನು ಎರಡೂವರೆ ಗಂಟೆಗೆ ಇಳಿಸುವಾಗ ಏನಾದರೂ ಬಿಡಲೇಬೇಕು, ಒಪ್ಪೋಣ. ಆದರೆ ಬಿಟ್ಟದ್ದು ಯಾರನ್ನು? ಡ್ರ್ಯಾಗನ್ ಉಳಿಯಿತು, ನೃತ್ಯಕೂಟ ಉಳಿಯಿತು. ಕತ್ತರಿ ಬಿದ್ದದ್ದು ಅಡುಗೆಮನೆಯವರಿಗೆ.

ನೆವಿಲ್‌ಗಾದರೂ ನ್ಯಾಯ ಸಿಕ್ಕಿತಲ್ಲ ಎನ್ನುವವರಿದ್ದಾರೆ. ಸಿಗಲಿಲ್ಲ. ಕಾದಂಬರಿಯಲ್ಲಿ ಉತ್ತರ ಗೊತ್ತಿದ್ದವನು ಅದೇ ಕೋಣೆಯಲ್ಲಿ ಮಲಗುತ್ತಿದ್ದರೂ ಯಾರೂ ಅವನನ್ನು ಕೇಳಲಿಲ್ಲ. ಓದುಗರಿಗೆ ಇರಿಸುಮುರಿಸು ತರುವುದು ಆ ಕಡೆಗಣನೆ. ಸಿನಿಮಾ ಅದನ್ನು ಸಲೀಸಾದ ಗೆಳೆತನವಾಗಿ ಬದಲಿಸಿತು. ಒಂದೇ ಏಟಿಗೆ ಎರಡು ಅನ್ಯಾಯಗಳು ಮರೆಯಾದವು.

ನಾಯಕ ತಾನೇ ಹುಡುಕದೆ ಗಿಡ ಸಿಕ್ಕಿದ್ದು ಕಥೆಯ ದೌರ್ಬಲ್ಯ ಎಂಬ ಆಕ್ಷೇಪವೂ ಇದೆ. ಗಿಲ್ಗಮೆಶ್ ಕಾಲಿಗೆ ಕಲ್ಲು ಕಟ್ಟಿಕೊಂಡು ತಳಕ್ಕಿಳಿದು ಯೌವನ ಮರಳಿಸುವ ಗಿಡವನ್ನು ಕಿತ್ತ. ಸೌಗಂಧಿಕಾ ಪುಷ್ಪಕ್ಕಾಗಿ ಭೀಮ ಕುಬೇರನ ಕೊಳದ ಕಾವಲಿನವರೊಡನೆ ತಾನೇ ಬಡಿದಾಡಿದ. ಆ ವೀರರ ಮುಂದೆ ಹ್ಯಾರಿ ಸಪ್ಪೆ ಎನಿಸಬಹುದು. ನನಗಂತೂ ಇದು ನಮ್ಮ ಕಾಲಕ್ಕೆ ಹೆಚ್ಚು ಪ್ರಾಮಾಣಿಕವಾದ ಚಿತ್ರ. ಇಂದು ಬಹುತೇಕ ಸಾಧನೆಗಳ ಹಿಂದೆ ಹೀಗೆ ಕೊನೆಯ ಗಳಿಗೆಯಲ್ಲಿ ಏನನ್ನೋ ತಂದುಕೊಟ್ಟು ಹೋದವರೊಬ್ಬರು ಇರುತ್ತಾರೆ. ಸುತ್ತು ಮುಗಿದಾಗ ಹ್ಯಾರಿಗೆ 45 ಅಂಕ ಸಿಗುತ್ತದೆ. ಡಾಬಿಗೆ, ಕೆಲ ದಿನಗಳ ಬಳಿಕ, ಕಾಲುಚೀಲ.

ರೌಲಿಂಗ್ ಅವರನ್ನು ಇಲ್ಲಿ ಪೂರ್ತಿ ಸಮರ್ಥಿಸಲಾರೆ. ಹಾಗ್ವಾರ್ಟ್ಸ್‌ನಲ್ಲಿ ನೂರಕ್ಕೂ ಹೆಚ್ಚು ಎಲ್ಫ್‌ಗಳು ದುಡಿಯುತ್ತಾರೆ. ಡಾಬಿ ಸಂಬಳ ಪಡೆಯುವುದು ಉಳಿದವರಿಗೆ ನಾಚಿಕೆಯ ವಿಷಯ. ಹರ್ಮಾಯನಿಯ ಚಳವಳಿಯನ್ನು ಕಾದಂಬರಿ ಬಹುಪಾಲು ನಗೆಪಾಟಲಾಗಿಸುತ್ತದೆ. ಅದು ಆ ಕೃತಿಯ ಮಿತಿ. ಆದರೂ ಜಗಳವಾಡಲು ಡಾಬಿಯಾದರೂ ಪುಟದ ಮೇಲಿದ್ದಾನೆ. ಸಿನಿಮಾ ಅಷ್ಟನ್ನೂ ಉಳಿಸಲಿಲ್ಲ.

ಫ್ಯಾಂಟಸಿ ಎಂದರೆ ಮಕ್ಕಳ ಆಟ ಎಂದು ಮೂಗುಮುರಿಯುವ ಪ್ರಾಧ್ಯಾಪಕರೂ, ಮಂತ್ರ–ಗಿಡಗಳ ಪಟ್ಟಿ ಬಾಯಿಪಾಠ ಮಾಡುವ ಅಭಿಮಾನಿಗಳೂ ಇಲ್ಲಿ ಒಂದೇ ತಪ್ಪು ಮಾಡುತ್ತಾರೆ. ಇಬ್ಬರೂ ಗಿಡದ ಗುಣವನ್ನಷ್ಟೇ ನೋಡುತ್ತಾರೆ. ಮುಂದಿನ ಸಲ ಮಾಯಾಲೋಕವೊಂದನ್ನು ಹೊಕ್ಕಾಗ, ಮಾಂತ್ರಿಕ ವಸ್ತು ಏನು ಮಾಡುತ್ತದೆ ಎಂಬುದರ ಜೊತೆಗೆ ಅದನ್ನು ಹೊತ್ತು ತಂದವರು ಯಾರು, ಅವರಿಗೆ ಸಿಕ್ಕಿದ್ದೇನು ಎಂದೂ ಕೇಳೋಣ.